ಡೇರೆಯಿಂದ ರಿಂಗಿಗೆ: ಪ್ರೊಫೆಷನಲ್ ಕುಸ್ತಿಯ ಮೊದಲ ದಿನಗಳ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ತೊಂಬತ್ತರ ದಶಕದಲ್ಲಿ ಡಬ್ಲ್ಯೂಡಬ್ಲ್ಯೂಎಫ್ ಅನ್ನುವ ಅಮೆರಿಕದ ಕುಸ್ತಿ ಕಂಪನಿಯ ಪೈಲ್ವಾನರ ಚಿತ್ರವಿದ್ದ ಕಾರ್ಡು ಆಡಿ ಬೆಳೆದವರಿಗೆ ಅಂಡರ್‌ಟೇಕರ್‌ನ ಎತ್ತರ, ತೂಕ ಎಲ್ಲ ಬಾಯಿಪಾಠ ಇರುತ್ತಿತ್ತು. ನನಗೂ ಇತ್ತು. ಆದರೆ ಆ ಕುಸ್ತಿ ಎಲ್ಲಿಂದ ಬಂತು ಅಂತ ಯಾರೂ ಕೇಳುತ್ತಿರಲಿಲ್ಲ. ಈಗ ಕೇಳುತ್ತಾರೆ. ಹಾಗಾಗಿ ಸುಮಾರು 1870ರಿಂದ 1930ರ ದಶಕದವರೆಗಿನ ಅಮೆರಿಕ ಮತ್ತು ಇಂಗ್ಲೆಂಡಿನ ಕಾಸಿನ ಕುಸ್ತಿಯ ಬಗ್ಗೆ ನನ್ನ ಹತ್ತಿರ ಜಾಸ್ತಿ ಬರುವ ಪ್ರಶ್ನೆಗಳಿಗೆ ಇಲ್ಲಿ ಉತ್ತರ ಬರೆದಿದ್ದೇನೆ.

ಮೊದಲು ಇದನ್ನ ಹೇಳಿ. ಆಗ ಎಲ್ಲಾ ನಿಜವಾದ ಕುಸ್ತಿನೇ ಇತ್ತಾ?

ಹೌದು ಅಂದರೂ ತಪ್ಪಾಗುತ್ತದೆ, ಇಲ್ಲ ಅಂದರೂ ತಪ್ಪಾಗುತ್ತದೆ. ಜಿದ್ದಿಗೆ ಬಿದ್ದು ಆಡಿದ ಪಂದ್ಯಗಳಿದ್ದವು. ಮೊದಲೇ ಮಾತಾಡಿಕೊಂಡು ಆಡಿದವೂ ಇದ್ದವು. ಎಷ್ಟೋ ಸಲ ಎರಡನ್ನೂ ಆಡಿದವರು ಅದೇ ಪೈಲ್ವಾನರು. ಮಾತಾಡಿಕೊಂಡ ಪಂದ್ಯಕ್ಕೆ ಅವರು 'ವರ್ಕ್' ಅನ್ನುತ್ತಿದ್ದರು, ನಿಜದ ಪಂದ್ಯಕ್ಕೆ 'ಶೂಟ್'. ಎರಡಕ್ಕೂ ಬೇರೆ ಬೇರೆ ಹೆಸರು ಇಟ್ಟುಕೊಂಡಿದ್ದರು ಅಂದ ಮೇಲೆ ಎರಡೂ ದಿನನಿತ್ಯದ ಸಂಗತಿ ಆಗಿದ್ದವು ಅಂತಲೇ ಅರ್ಥ, ಅಲ್ವಾ?

ನನ್ನ ಅಭಿಪ್ರಾಯ ಕೇಳಿದರೆ ಒಂದೇ ಮಾತು. ಆಟ ನಾಟಕ ಆದಷ್ಟೂ ನಿಜವಾದ ವಿದ್ಯೆ ಬಲ್ಲವನ ಬೆಲೆ ಹೆಚ್ಚಿತು. ಇದು ವಿಚಿತ್ರ ಅನ್ನಿಸಬಹುದು. ಮುಂದೆ ಮನ್ ಅನ್ನುವ ಫುಟ್‌ಬಾಲ್ ಆಟಗಾರನ ಕತೆ ಬರುತ್ತದೆ. ಅಲ್ಲಿಯವರೆಗೆ ಸ್ವಲ್ಪ ತಾಳಿ.

ಜಾತ್ರೆಯ ಡೇರೆಯಲ್ಲಿ ಶುರುವಾಯಿತು ಅಂತಾರಲ್ಲ, ಅಲ್ಲಿ ಏನು ನಡೀತಿತ್ತು?

ಅಮೆರಿಕದಲ್ಲಿ ಊರಿಂದ ಊರಿಗೆ ತಿರುಗುವ ಕಾರ್ನಿವಲ್‌ಗಳಿದ್ದವು. ನಮ್ಮ ಜಾತ್ರೆಗಳಲ್ಲಿ ತೊಟ್ಟಿಲು, ಮೃತ್ಯುಕೂಪ ಎಲ್ಲ ಇರುತ್ತವಲ್ಲ, ಹಾಗೆ. ಅದರಲ್ಲಿ ಒಂದು ಡೇರೆ ಕುಸ್ತಿಯದು. ಅದಕ್ಕೆ ಅಥ್ಲೆಟಿಕ್ ಶೋ ಅಂತ ಹೆಸರು, ಬಾಯಿಮಾತಲ್ಲಿ 'ಎಟಿ ಶೋ'. ಡೇರೆಯ ಮುಂದೆ ಒಂದು ಅಟ್ಟಣೆ. ಅದರ ಮೇಲೆ ಎರಡು ಮೂರು ಜನ ಪೈಲ್ವಾನರು ಕೈಕಟ್ಟಿ ನಿಂತಿರುತ್ತಾರೆ. ಪಕ್ಕದಲ್ಲಿ ಒಬ್ಬ ಗಂಟಲು ಹರಿಯುವಂತೆ ಕೂಗುತ್ತಾನೆ: ನಮ್ಮವನ ಎದುರು ಇಷ್ಟು ನಿಮಿಷ ನಿಂತರೆ ಇಷ್ಟು ಡಾಲರ್ ಇನಾಮು!

ಊರಿನ ಕಮ್ಮಾರನೋ, ಹೊಲದಲ್ಲಿ ದುಡಿಯುವ ಗಟ್ಟಿ ಹುಡುಗನೋ ಮುಂದೆ ಬರುತ್ತಾನೆ. ಬರದಿದ್ದರೆ ಗೆಳೆಯರೇ ಹಿಂದಿನಿಂದ ತಳ್ಳುತ್ತಾರೆ. ಊರಿಗೆ ಊರೇ ಟಿಕೆಟ್ ತಗೊಂಡು ಒಳಗೆ ಬರುತ್ತದೆ. ಯಾರೂ ಬರದ ದಿನ ಜನರ ಮಧ್ಯೆ ಅವರದೇ ಒಬ್ಬ ನಿಂತಿರುತ್ತಿದ್ದ. ಅವನು ಊರವನಂತೆ ನಟಿಸಿ ಸವಾಲು ಒಪ್ಪಿಕೊಳ್ಳುತ್ತಿದ್ದ.

ಇಲ್ಲಿ ಪೈಲ್ವಾನನ ಕೆಲಸ ಎರಡು ಥರದ್ದು. ಎದುರಿಗೆ ಬಂದವನು ಹಸಿ ಹುಡುಗನಾದರೆ ತಕ್ಷಣ ಎತ್ತಿ ಒಗೆಯಬಾರದು. ಸ್ವಲ್ಪ ಸೋತಂತೆ ಮಾಡಬೇಕು, ಜನ ಕೂಗಬೇಕು, ನಾಳೆ ಮತ್ತೆ ಬರಬೇಕು. ಆದರೆ ಬಂದವನು ನಿಜಕ್ಕೂ ಕುಸ್ತಿ ಕಲಿತವನಾದರೆ ಆಟ ಬೇರೆ. ಇನಾಮಿನ ದುಡ್ಡು ಹೋಗುತ್ತದೆ, ಮಾನವೂ ಹೋಗುತ್ತದೆ. ಆಗ ಒಂದೆರಡು ನಿಮಿಷದಲ್ಲಿ ಅವನ ಕೀಲಿಗೆ ಕೈಹಾಕಿ ಮುಗಿಸಬೇಕು. ನಟನೆ ಮತ್ತು ನಿಜದ ಪಟ್ಟು ಎರಡನ್ನೂ ಒಂದೇ ಡೇರೆಯಲ್ಲಿ, ಒಂದೇ ಸಂಜೆಯಲ್ಲಿ ಕಲಿತ ಜನ ಇವರು.

ಮೋಸಹೋಗುವ ಗಿರಾಕಿಗೆ 'ಮಾರ್ಕ್' ಅನ್ನುವ ಮಾತು, ಒಳಗಿನ ಗುಟ್ಟು ಹೊರಗೆ ಬಿಡದಿರುವುದಕ್ಕೆ 'ಕೇಫೇಬ್' ಅನ್ನುವ ಮಾತು, ಇವೆಲ್ಲ ಈ ಕಾರ್ನಿವಲ್ ಜನರ ಭಾಷೆಯಿಂದಲೇ ಬಂದವು ಅಂತ ಹೇಳುತ್ತಾರೆ.

ನಿಯಮ ಏನಿತ್ತು?

ಮೊದಲು ಜೋರಾಗಿದ್ದದ್ದು ಗ್ರೀಕೋ-ರೋಮನ್. ಅದರಲ್ಲಿ ಸೊಂಟದ ಕೆಳಗೆ ಕೈಹಾಕುವಂತಿಲ್ಲ. ಆಮೇಲೆ ಇಂಗ್ಲೆಂಡಿನ ಲ್ಯಾಂಕಾಶೈರ್ ಕಡೆಯ 'ಕ್ಯಾಚ್ ಆ್ಯಸ್ ಕ್ಯಾಚ್ ಕ್ಯಾನ್' ಬಂತು. ಹೆಸರೇ ಹೇಳುವಂತೆ ಸಿಕ್ಕಲ್ಲಿ ಹಿಡಿ. ಕಾಲು, ಮೊಣಕಾಲು, ಹೆಬ್ಬೆರಳು, ಏನು ಸಿಕ್ಕರೆ ಅದು. ಎರಡೂ ಭುಜ ನೆಲಕ್ಕೆ ತಾಗಿದರೆ ಒಂದು ಫಾಲ್, ನಮ್ಮಲ್ಲಿ ಚಿತ್ ಅನ್ನುತ್ತೇವಲ್ಲ ಅದು. ದೊಡ್ಡ ಪಂದ್ಯಗಳಲ್ಲಿ ಸಾಮಾನ್ಯವಾಗಿ ಮೂರರಲ್ಲಿ ಎರಡು ಗೆಲ್ಲಬೇಕು. ನೋವು ತಾಳಲಾರದೆ ಬಿಟ್ಟುಕೊಟ್ಟರೂ ಸೋಲು.

ಒಂದು ಪಂದ್ಯ ಎಷ್ಟು ಹೊತ್ತು ನಡೀತಿತ್ತು?

ಇದನ್ನು ಕೇಳಿದರೆ ನಂಬುವುದು ಕಷ್ಟ. ನ್ಯೂಯಾರ್ಕಿನಲ್ಲಿ ಪೊಲೀಸ್ ಆಗಿದ್ದ ವಿಲಿಯಂ ಮುಲ್ಡೂನ್ ಗ್ರೀಕೋ-ರೋಮನ್ ಚಾಂಪಿಯನ್. 1881ರಲ್ಲಿ ಅವನೂ ಕ್ಲಾರೆನ್ಸ್ ವಿಸ್ಲರ್ ಅನ್ನುವವನೂ ಏಳೆಂಟು ಗಂಟೆ ಗುದ್ದಾಡಿದರು. ಕೊನೆಗೆ ಡ್ರಾ.

1916ರ ಜುಲೈ 4ರಂದು ನೆಬ್ರಾಸ್ಕದ ಒಮಾಹಾದಲ್ಲಿ ಜೋ ಸ್ಟೆಕರ್ ಮತ್ತು ಎಡ್ 'ಸ್ಟ್ರ್ಯಾಂಗ್ಲರ್' ಲೂಯಿಸ್ ಬಿಸಿಲಿನಲ್ಲಿ ಸುಮಾರು ಐದು ಗಂಟೆ ಆಡಿದರು. ಅದೂ ಡ್ರಾ. ಲೂಯಿಸ್ ಬಹುಪಾಲು ತಪ್ಪಿಸಿಕೊಳ್ಳುವುದರಲ್ಲೇ ಕಾಲ ಕಳೆದ. ಈ ಥರದ ಪಂದ್ಯ ಒಂದೆರಡು ನೋಡಿದ ಜನ ಮೂರನೆಯದಕ್ಕೆ ಟಿಕೆಟ್ ತಗೊಳ್ಳುತ್ತಾರಾ? ಆಟ ಬದಲಾಗಿದ್ದಕ್ಕೆ ದೊಡ್ಡ ಕಾರಣ ಇದೇ. ಮೋಸ ಮಾಡೋಣ ಅನ್ನುವ ಆಸೆಗಿಂತ ಬೇಜಾರಿನ ಭಯ ಜಾಸ್ತಿ ಕೆಲಸ ಮಾಡಿತು.

ತರಬೇತಿ ಹೇಗಿತ್ತು? ಯಾರು ಕಲಿಸ್ತಿದ್ದರು?

ಒಂದು ಹೆಸರು ಹೇಳಲೇಬೇಕು. ಮಾರ್ಟಿನ್ ಬರ್ನ್ಸ್, ಎಲ್ಲರ ಬಾಯಲ್ಲಿ 'ಫಾರ್ಮರ್' ಬರ್ನ್ಸ್. 1861ರಲ್ಲಿ ಅಯೋವಾದಲ್ಲಿ ಹುಟ್ಟಿದ ರೈತರ ಮನೆಯ ಹುಡುಗ. ತೂಕ 75 ಕಿಲೋ ಆಸುಪಾಸು, ಅಂದರೆ ದೈತ್ಯನೇನಲ್ಲ. ಆದರೆ ಕುತ್ತಿಗೆ ಸುತ್ತಳತೆ 20 ಅಂಗುಲ. ಕಾರ್ನಿವಲ್‌ಗಳಲ್ಲಿ ಅವನ ಒಂದು ಆಟ ಇತ್ತು. ಕುತ್ತಿಗೆಗೆ ನೇಣು ಹಾಕಿಕೊಂಡು ಆರು ಅಡಿ ಕೆಳಕ್ಕೆ ಬೀಳುತ್ತಿದ್ದ. ಬಿದ್ದು ನೇತಾಡುತ್ತಲೇ ಸಿಳ್ಳೆಯಲ್ಲಿ ಹಾಡು ನುಡಿಸುತ್ತಿದ್ದ.

ಆ ಕುತ್ತಿಗೆ ಬಂದದ್ದು ಬ್ರಿಡ್ಜ್ ಕಸರತ್ತಿನಿಂದ. ಅಂಗಾತ ಮಲಗಿ ತಲೆ ಮತ್ತು ಪಾದದ ಮೇಲೆ ಮೈಯನ್ನು ಕಮಾನಿನಂತೆ ಎತ್ತುವುದು. ಇದು ಸುಮ್ನೆ ತೋರಿಕೆಗಲ್ಲ. ಭುಜ ನೆಲಕ್ಕೆ ತಾಗಿದರೆ ಸೋಲು ಅಂದ ಮೇಲೆ ಕೊನೆಯ ಕ್ಷಣದಲ್ಲಿ ಉಳಿಸುವುದು ಕುತ್ತಿಗೆಯೇ. ಬರ್ನ್ಸ್ ಓಟ, ಉಸಿರಾಟ, ಹಿಡಿತದ ಕಸರತ್ತು ಇವಕ್ಕೆ ಜಾಸ್ತಿ ಒತ್ತು ಕೊಡುತ್ತಿದ್ದ. ಭಾರ ಎತ್ತಿ ದಪ್ಪಗಾಗುವುದರಲ್ಲಿ ಅವನಿಗೆ ಅಷ್ಟು ನಂಬಿಕೆ ಇರಲಿಲ್ಲ.

1899ರಲ್ಲಿ ಅಯೋವಾದ ಫೋರ್ಟ್ ಡಾಡ್ಜ್‌ನಲ್ಲಿ ಫ್ರ್ಯಾಂಕ್ ಗಾಚ್ ಅನ್ನುವ 22 ವರ್ಷದ ಹುಡುಗ ಬರ್ನ್ಸ್‌ನ ಎದುರು ನಿಂತ. ಹನ್ನೊಂದು ನಿಮಿಷದಲ್ಲಿ ಸೋತ. ಅಷ್ಟು ಹೊತ್ತು ನಿಂತನಲ್ಲ ಅಂತ ಬರ್ನ್ಸ್ ಅವನನ್ನು ಶಿಷ್ಯನಾಗಿ ಮಾಡಿಕೊಂಡ. ಗುರುವಿನಿಂದ ಪಟ್ಟು ಕಲಿತ ಗಾಚ್ 1901ರಲ್ಲಿ ಕ್ಲೋಂಡೈಕ್ ಚಿನ್ನದ ಗಣಿಗಳ ಕಡೆ ಹೋದ. ಅಲ್ಲಿ ಅವನ ಹೆಸರು ಫ್ರ್ಯಾಂಕ್ ಕೆನಡಿ. ಯಾರೋ ಅಪರಿಚಿತ ಹುಡುಗ ಅಂತ ಗಣಿಯವರು ಅವನ ವಿರುದ್ಧ ಬಾಜಿ ಕಟ್ಟುತ್ತಿದ್ದರು, ಇವನು ದುಡ್ಡು ಬಾಚುತ್ತಿದ್ದ. ಮುಂದೆ ಜಗತ್ತಿನ ಚಾಂಪಿಯನ್ ಆದವನ ತರಬೇತಿಯಲ್ಲಿ ಇದೂ ಒಂದು ಪಾಠ.

ಉಳಿದವರದು ಒಬ್ಬೊಬ್ಬರದು ಒಂದೊಂದು ದಾರಿ. ಸ್ಟೆಕರ್ ನೆಬ್ರಾಸ್ಕದ ರೈತರ ಹುಡುಗ. ಧಾನ್ಯದ ಮೂಟೆಯನ್ನು ತೊಡೆಗಳ ಮಧ್ಯೆ ಇಟ್ಟುಕೊಂಡು ಅದು ಒಡೆಯುವ ತನಕ ಅದುಮುತ್ತಿದ್ದನಂತೆ. ಅವನ ಕಾಲುಗತ್ತರಿಗೆ ಸಿಕ್ಕವರ ಪಾಡು ಊಹಿಸಿಕೊಳ್ಳಿ. ಲೂಯಿಸ್ ಮರದ ತಲೆಯೊಂದನ್ನು ಎರಡು ಹೋಳು ಮಾಡಿಸಿ, ಮಧ್ಯೆ ಗಟ್ಟಿ ಸ್ಪ್ರಿಂಗ್ ಹಾಕಿಸಿಕೊಂಡಿದ್ದ. ಅದನ್ನು ಕಂಕುಳಲ್ಲಿ ಸಿಕ್ಕಿಸಿ ಎರಡೂ ಹೋಳು ಕೂಡುವವರೆಗೆ ಒತ್ತುವುದೇ ದಿನದ ಸಾಧನೆ. ಅವನ ಹೆಡ್‌ಲಾಕ್ ಹೆಸರಾದದ್ದು ಹಾಗೆ.

ಅಂಚೆಯಲ್ಲಿ ಕುಸ್ತಿ ಕಲಿಸ್ತಿದ್ದರು ಅನ್ನೋದು ನಿಜವಾ?

ನಿಜ. 1914ರಲ್ಲಿ ಬರ್ನ್ಸ್ ಪಾಠಗಳನ್ನು ಪುಸ್ತಿಕೆ ಮಾಡಿ ಅಂಚೆಯಲ್ಲಿ ಕಳಿಸುತ್ತಿದ್ದ. ಚಿತ್ರ, ವಿವರಣೆ, ಕಸರತ್ತಿನ ಪಟ್ಟಿ ಎಲ್ಲ ಇರುತ್ತಿತ್ತು. ಹಳ್ಳಿಯ ಹುಡುಗರು ಕೊಟ್ಟಿಗೆಯಲ್ಲಿ ಹುಲ್ಲು ಹಾಸಿ, ತಮ್ಮನನ್ನೋ ಅಣ್ಣನನ್ನೋ ಎದುರಿಗೆ ನಿಲ್ಲಿಸಿಕೊಂಡು ಪ್ರಯೋಗ ಮಾಡುವುದು. ತಮ್ಮನ ಗತಿ ಏನಾಗಿರಬೇಡ!

ನೇಣಿನ ಆಟ ನಾನೂ ಮಾಡಿ ನೋಡಬಹುದಾ?

ಬೇಡ.

'ಹುಕ್' ಅಂದರೇನು? ಮಾಮೂಲಿ ಪಟ್ಟಿಗಿಂತ ಹೇಗೆ ಬೇರೆ?

ಮಾಮೂಲಿ ಪಟ್ಟು ಎದುರಾಳಿಯನ್ನು ಚಿತ್ ಮಾಡುವುದಕ್ಕೆ. ಹುಕ್ ಕೀಲು ತಿರುಚುವುದಕ್ಕೆ. ಮಣಿಕಟ್ಟು ಹಿಡಿದು ಭುಜವನ್ನು ಹಿಂದಕ್ಕೆ ತಿರುಗಿಸುವ ಡಬಲ್ ರಿಸ್ಟ್‌ಲಾಕ್, ಪಾದ ಹಿಡಿದು ಹಿಮ್ಮಡಿ ಮೊಣಕಾಲುಗಳನ್ನು ತಿರುಚುವ ಟೋ ಹೋಲ್ಡ್. ಎರಡನೆಯದು ಗಾಚ್‌ನ ಕೈಗುಣ. ಬಿಟ್ಟುಕೊಡು, ಇಲ್ಲ ಮುರಿಸಿಕೋ. ಮಧ್ಯದ ದಾರಿ ಇಲ್ಲ. ಈ ವಿದ್ಯೆ ಪೂರ್ತಿ ಬಲ್ಲವರು ಬೆರಳೆಣಿಕೆ ಮಂದಿ. ಅವರು ಅದನ್ನು ಎಲ್ಲರಿಗೂ ಹೇಳಿಕೊಡುತ್ತಿರಲಿಲ್ಲ.

ಗಾಚ್, ಹ್ಯಾಕನ್‌ಶ್ಮಿಟ್ ಪಂದ್ಯದ ಬಗ್ಗೆ ಇಷ್ಟೊಂದು ಮಾತು ಯಾಕೆ?

ಜಾರ್ಜ್ ಹ್ಯಾಕನ್‌ಶ್ಮಿಟ್ ಈಗಿನ ಎಸ್ಟೋನಿಯಾದವನು, 'ರಷ್ಯಾದ ಸಿಂಹ' ಅಂತ ಹೆಸರು. 1904ರಲ್ಲಿ ಲಂಡನ್ನಿನ ಒಲಿಂಪಿಯಾದಲ್ಲಿ ಅಹ್ಮದ್ ಮದ್ರಾಲಿ ಅನ್ನುವ ತುರ್ಕಿ ಪೈಲ್ವಾನನನ್ನು ಒಂದು ನಿಮಿಷದೊಳಗೆ ಎತ್ತಿ ಒಗೆದ. ಮದ್ರಾಲಿಯ ತೋಳು ಕೀಲು ತಪ್ಪಿತು. ಜಿಮ್‌ಗೆ ಹೋಗುವವರಿಗೆ ಹ್ಯಾಕ್ ಸ್ಕ್ವಾಟ್ ಗೊತ್ತಿರುತ್ತದೆ. ಆ 'ಹ್ಯಾಕ್' ಇವನದೇ ಅಂತ ಹೇಳುವವರಿದ್ದಾರೆ.

1908ರ ಏಪ್ರಿಲ್ 3ರಂದು ಶಿಕಾಗೋದಲ್ಲಿ ಗಾಚ್ ಎದುರು ನಿಂತ. ಎರಡು ಗಂಟೆ ಎಳೆದಾಟ. ಗಾಚ್ ಮೈಗೆ ಎಣ್ಣೆ ಹಚ್ಚಿಕೊಂಡಿದ್ದ, ಹೆಬ್ಬೆರಳಿಂದ ತಿವಿದ ಅಂತ ಹ್ಯಾಕನ್‌ಶ್ಮಿಟ್ ಆಮೇಲೆ ದೂರಿದ. ಅಂತೂ ಅವನು ಬಿಟ್ಟುಕೊಟ್ಟ.

ಮರುಪಂದ್ಯ 1911ರ ಸೆಪ್ಟೆಂಬರ್ 4ರಂದು, ಶಿಕಾಗೋದ ಬೇಸ್‌ಬಾಲ್ ಮೈದಾನ ಕೊಮಿಸ್ಕಿ ಪಾರ್ಕ್‌ನಲ್ಲಿ. ಜನಸಾಗರ. ಟಿಕೆಟ್ ದುಡ್ಡು ಸುಮಾರು 87,000 ಡಾಲರ್, ಆ ಕಾಲಕ್ಕೆ ತಲೆತಿರುಗುವ ಮೊತ್ತ. ಆದರೆ ಹ್ಯಾಕನ್‌ಶ್ಮಿಟ್ ಅಭ್ಯಾಸದಲ್ಲೇ ಮೊಣಕಾಲು ಪೆಟ್ಟು ಮಾಡಿಕೊಂಡಿದ್ದ. ಅರ್ಧ ಗಂಟೆಯೊಳಗೆ ಎರಡೂ ಫಾಲ್ ಸೋತ. ಆ ಪೆಟ್ಟನ್ನು ದುಡ್ಡು ಕೊಟ್ಟು ಮಾಡಿಸಿದರು ಅನ್ನುವ ಕತೆ ದಶಕಗಟ್ಟಲೆ ಓಡಾಡಿತು. ನಾನು ಅದನ್ನು ಅಷ್ಟು ನಂಬುವುದಿಲ್ಲ. ಜೋರು ಅಭ್ಯಾಸದಲ್ಲಿ ಮೊಣಕಾಲು ಹೋಗುವುದಕ್ಕೆ ಪಿತೂರಿ ಬೇಕಿಲ್ಲ, ಯಾವ ಗರಡಿಯ ಉಸ್ತಾದರನ್ನು ಬೇಕಾದರೂ ಕೇಳಿ.

ನಮ್ಮ ಗಾಮ ಪೈಲ್ವಾನ್ ಇವರ ಜೊತೆ ಆಡಿದ್ದನಾ?

ಗಾಚ್ ಮತ್ತು ಹ್ಯಾಕನ್‌ಶ್ಮಿಟ್ ಜೊತೆ ಆಡಲಿಲ್ಲ. ಸವಾಲೇನೋ ಹಾಕಿದ್ದ. 1910ರಲ್ಲಿ ಗಾಮ, ತಮ್ಮ ಇಮಾಂ ಬಕ್ಷ್ ಮತ್ತು ಒಂದಿಬ್ಬರು ಲಂಡನ್ನಿಗೆ ಹೋದರು. ಗಾಮನ ಎತ್ತರ ಐದು ಅಡಿ ಏಳೆಂಟು ಅಂಗುಲ ಅಷ್ಟೇ. ಗಿಡ್ಡ ಅಂತ ಅಲ್ಲಿನವರು ಮೊದಲು ಲೆಕ್ಕಕ್ಕೇ ತಗೊಳ್ಳಲಿಲ್ಲವಂತೆ. ಅರ್ಧ ಗಂಟೆಯಲ್ಲಿ ಯಾರೇ ಮೂವರು ಬಂದರೂ ಕೆಡವುತ್ತೇನೆ ಅಂತ ಸವಾಲು ಹಾಕಿದ. ಆಗಸ್ಟಿನಲ್ಲಿ ಅಲ್ಹಂಬ್ರಾ ಥಿಯೇಟರಿನಲ್ಲಿ ಅಮೆರಿಕದ ಡಾಕ್ಟರ್ ಬೆಂಜಮಿನ್ ರೋಲರ್ ಬಂದ. ಎರಡು ಸಲ ಚಿತ್ ಆದ.

ಸೆಪ್ಟೆಂಬರ್ 10ರಂದು ಪೋಲೆಂಡಿನ ಸ್ಟ್ಯಾನಿಸ್ಲಾಸ್ ಜ಼್ಬಿಷ್ಕೋ ಎದುರಿಗೆ ನಿಂತ. ಶುರುವಿನಲ್ಲೇ ಗಾಮ ಅವನನ್ನು ಕೆಳಗೆ ಹಾಕಿದ. ಆಮೇಲೆ ಜ಼್ಬಿಷ್ಕೋ ಏಳಲೇ ಇಲ್ಲ. ಚಾಪೆಗೆ ಅಂಟಿಕೊಂಡು ಆಮೆಯ ಹಾಗೆ ಬಿದ್ದುಕೊಂಡ. ಎರಡೂವರೆ ಗಂಟೆಗೂ ಜಾಸ್ತಿ! ಡ್ರಾ ಅಂದರು. ಒಂದು ವಾರ ಬಿಟ್ಟು ಸೆಪ್ಟೆಂಬರ್ 17ಕ್ಕೆ ಮತ್ತೆ ಪಂದ್ಯ ಇತ್ತು, ಜ಼್ಬಿಷ್ಕೋ ಬರಲೇ ಇಲ್ಲ. ಗೆದ್ದವನಿಗೆ ಕೊಡುವ ಜಾನ್ ಬುಲ್ ಬೆಲ್ಟು ಗಾಮನದಾಯಿತು.

ಲೆಕ್ಕ ಚುಕ್ತಾ ಆದದ್ದು 1928ರಲ್ಲಿ, ಪಟಿಯಾಲದ ಅಖಾಡದಲ್ಲಿ. ಈ ಸಲ ಚಾಪೆ ಇಲ್ಲ, ಮಣ್ಣು. ಒಂದು ನಿಮಿಷದೊಳಗೆ ಮುಗಿಯಿತು.

ಜ಼್ಬಿಷ್ಕೋನನ್ನು ಹೇಡಿ ಅಂತ ಬೈಯುವವರು ಜಾಸ್ತಿ. ಆದರೆ ಗಾಮ ಎರಡೂವರೆ ಗಂಟೆ ಒದ್ದಾಡಿದರೂ ಅಂಗಾತ ಮಾಡಲಾಗದಷ್ಟು ಗಟ್ಟಿ ಇದ್ದ ಮನುಷ್ಯ ಅವನು. ಮುಂದಿನ ಕತೆಗೆ ಇದು ನೆನಪಿರಲಿ.

ಆಟ ಪೂರ್ತಿ ನಾಟಕ ಆದದ್ದು ಯಾವಾಗ?

ಒಂದು ದಿನಾಂಕ ಹೇಳುವುದಕ್ಕೆ ಆಗುವುದಿಲ್ಲ. ಆದರೆ 1920ರ ದಶಕದಲ್ಲಿ ಮೂವರು ಸೇರಿ ಅದಕ್ಕೊಂದು ಅಚ್ಚುಕಟ್ಟು ತಂದರು. ಚಾಂಪಿಯನ್ ಎಡ್ ಲೂಯಿಸ್, ಮ್ಯಾನೇಜರ್ ಬಿಲ್ಲಿ ಸ್ಯಾಂಡೋ, ತಲೆ ಓಡಿಸುವ ಟೂಟ್ಸ್ ಮಾಂಟ್. ಇವರನ್ನು ಗೋಲ್ಡ್ ಡಸ್ಟ್ ಮೂವರು ಅಂತ ಕರೆಯುತ್ತಾರೆ. ಪಂದ್ಯಕ್ಕೆ ಸಮಯದ ಮಿತಿ ಹಾಕಿದರು. ಬಾಕ್ಸಿಂಗಿನ ಗುದ್ದಿನ ಥರದ್ದು, ಎತ್ತಿ ಒಗೆಯುವುದು, ಹಾರುವುದು ಎಲ್ಲ ಬೆರೆಸಿದರು. ಒಂದೇ ತಂಡದ ಪೈಲ್ವಾನರನ್ನು ಊರೂರಿಗೆ ಕರೆದುಕೊಂಡು ಹೋದರು. ನಮ್ಮ ಕಂಪನಿ ನಾಟಕದವರು ಕ್ಯಾಂಪು ಹಾಕುತ್ತಿದ್ದ ಹಾಗೆಯೇ. ಯಾರು ಗೆಲ್ಲಬೇಕು ಅನ್ನುವುದು ಮುಂಚೆಯೇ ತೀರ್ಮಾನ.

ಆ ಫುಟ್‌ಬಾಲ್ ಆಟಗಾರನ ಕತೆ ಹೇಳ್ತೀನಿ ಅಂದಿದ್ರಿ?

ಹೇಳುತ್ತೇನೆ. ಲೂಯಿಸ್ ಎಲ್ಲರನ್ನೂ ಸೋಲಿಸಿ ಸೋಲಿಸಿ ಟಿಕೆಟ್ ಹೋಗುವುದು ಕಡಿಮೆಯಾಯಿತು. ಹೊಸ ಮುಖ ಬೇಕಿತ್ತು. ನೆಬ್ರಾಸ್ಕ ವಿಶ್ವವಿದ್ಯಾಲಯದ ಫುಟ್‌ಬಾಲ್ ಆಟಗಾರ ವೇಯ್ನ್ ಮನ್ ಸಿಕ್ಕ. ಆರೂವರೆ ಅಡಿ ಆಳು, ನೋಡುವುದಕ್ಕೆ ಚೆನ್ನಾಗಿದ್ದ, ಜನಕ್ಕೆ ಇಷ್ಟ. ಕುಸ್ತಿ ಮಾತ್ರ ಬರುತ್ತಿರಲಿಲ್ಲ. 1925ರ ಜನವರಿ 8ರಂದು ಕ್ಯಾನ್ಸಸ್ ಸಿಟಿಯಲ್ಲಿ ಲೂಯಿಸ್ ಅವನಿಗೆ ಸೋತುಕೊಟ್ಟ. ಮನ್ ಚಾಂಪಿಯನ್.

ಅವನ ಹೆಸರು ಇನ್ನಷ್ಟು ಏರಿಸೋಣ ಅಂತ ಏಪ್ರಿಲ್ 15ಕ್ಕೆ ಫಿಲಡೆಲ್ಫಿಯಾದಲ್ಲಿ ಒಂದು ಪಂದ್ಯ ಇಟ್ಟರು. ಎದುರಾಳಿ ಯಾರು ಗೊತ್ತಾ? ಅದೇ ಜ಼್ಬಿಷ್ಕೋ. ವಯಸ್ಸು ನಲವತ್ತು ದಾಟಿತ್ತು. ಸೋಲುತ್ತೇನೆ ಅಂತ ಒಪ್ಪಿಕೊಂಡಿದ್ದ. ಆದರೆ ಒಳಗೊಳಗೆ ಎದುರು ಪಾರ್ಟಿಯ ಜೊತೆ, ಅಂದರೆ ಸ್ಟೆಕರ್ ಕಡೆಯವರ ಜೊತೆ ಮಾತಾಗಿತ್ತು. ಗಂಟೆ ಬಾರಿಸಿದ ಮೇಲೆ ನಿಜದ ಕುಸ್ತಿ ಶುರುಮಾಡಿದ. ಮನ್‌ಗೆ ಏನಾಗುತ್ತಿದೆ ಅಂತಲೇ ತಿಳಿಯಲಿಲ್ಲ. ಮತ್ತೆ ಮತ್ತೆ ಭುಜ ನೆಲಕ್ಕೆ. ಅಷ್ಟು ಜನರ ಕಣ್ಣೆದುರು ರೆಫರಿ ಇನ್ನೇನು ಮಾಡಿಯಾನು? ಪಟ್ಟ ಜ಼್ಬಿಷ್ಕೋನ ಪಾಲಾಯಿತು. ಮೇ 30ರಂದು ಸೇಂಟ್ ಲೂಯಿಸ್‌ನಲ್ಲಿ ಅದನ್ನು ಅವನು ಸ್ಟೆಕರ್‌ಗೆ ಬಿಟ್ಟುಕೊಟ್ಟ. ಲೂಯಿಸ್ ಅದನ್ನು ಸ್ಟೆಕರ್‌ನಿಂದ ವಾಪಸ್ ಪಡೆಯುವಷ್ಟರಲ್ಲಿ 1928 ಬಂದಿತ್ತು.

ನಾಟಕದ ರಾಜನಿಗೂ ನಿಜದ ಕತ್ತಿವರಸೆ ಗೊತ್ತಿರಬೇಕಾದ ವ್ಯವಹಾರ ಇದು. ಕಂಪನಿ ನಾಟಕದಲ್ಲಿ ದುರ್ಯೋಧನನ ಪಾತ್ರಧಾರಿ ಇವತ್ತು ಭೀಮನನ್ನು ನಾನೇ ಹೊಡೆದುಹಾಕುತ್ತೇನೆ ಅಂತ ಹೊರಟರೆ ಪರದೆ ಇಳಿಸಬಹುದು. ಕುಸ್ತಿಯಲ್ಲಿ ಪರದೆ ಇಲ್ಲ. ಅದಕ್ಕೇ ಆಮೇಲೆ ಬಹಳ ವರ್ಷ ಪ್ರೊಮೋಟರುಗಳು ಪಟ್ಟವನ್ನು ಹುಕ್ ಬಲ್ಲವನ ಸೊಂಟಕ್ಕೇ ಕಟ್ಟಿದರು. ಮೋಸ ಮಾಡಬಂದವನ ಕೈ ಮುರಿಯಬಲ್ಲವನೇ ಚಾಂಪಿಯನ್.

ಜನಕ್ಕೆ ಇದು ಗೊತ್ತಾಗ್ತಿರಲಿಲ್ವಾ? ಪೊಲೀಸ್, ಕೋರ್ಟು?

ಅನುಮಾನ ಯಾವತ್ತೂ ಇತ್ತು. ಪತ್ರಿಕೆಗಳು ಬರೆಯುತ್ತಲೇ ಇದ್ದವು. ನ್ಯೂಯಾರ್ಕಿನ ಕ್ರೀಡಾ ಆಯೋಗ 1930ರ ಸುಮಾರಿಗೆ ಇವನ್ನು ಪಂದ್ಯ ಅನ್ನಬೇಡಿ, ಪ್ರದರ್ಶನ ಅನ್ನಿ ಅಂತ ಹೇಳಿಬಿಟ್ಟಿತ್ತು.

ಕೋರ್ಟಿನ ಕತೆ ಅದಕ್ಕಿಂತ ರಂಜನೆಯದು. ಅಯೋವಾದ ಕೌನ್ಸಿಲ್ ಬ್ಲಫ್ಸ್‌ನಲ್ಲಿ ಜಾನ್ ಮೇಬ್ರೇ ಅನ್ನುವವನ ಗ್ಯಾಂಗ್ ಇತ್ತು. ಒಬ್ಬ ದುಡ್ಡಿನ ಕುಳವನ್ನು ಹಿಡಿದು, ಗುಟ್ಟಿನ ಕುಸ್ತಿ ಇದೆ, ಯಾರು ಗೆಲ್ಲುತ್ತಾರೆ ಅಂತ ನಮಗೆ ಗೊತ್ತು, ಬಾಜಿ ಕಟ್ಟಿ ಅನ್ನುತ್ತಿದ್ದರು. ಅವನು ಸಾವಿರಗಟ್ಟಲೆ ಕಟ್ಟುತ್ತಿದ್ದ. ಪಂದ್ಯದ ಮಧ್ಯೆ ಅವನ ಕಡೆಯ ಪೈಲ್ವಾನ ಬಾಯಲ್ಲಿಟ್ಟುಕೊಂಡಿದ್ದ ರಕ್ತದ ಚೀಲ ಕಚ್ಚಿ, ರಕ್ತ ಕಾರಿ 'ಸತ್ತು' ಬೀಳುತ್ತಿದ್ದ. ಕೊಲೆ ಕೇಸಾಗುತ್ತದೆ, ಓಡಿ! ಕುಳವೂ ಓಡುತ್ತಿದ್ದ, ದುಡ್ಡು ಅಲ್ಲೇ. ತಾನೇ ಮೋಸಕ್ಕೆ ಕೈಹಾಕಿದ್ದರಿಂದ ದೂರು ಕೊಡುವ ಹಾಗೂ ಇಲ್ಲ. ಕೊನೆಗೆ ಗ್ಯಾಂಗ್ ಸಿಕ್ಕಿಬಿತ್ತು, 1910ರಲ್ಲಿ ಮೇಬ್ರೇಗೆ ಎರಡು ವರ್ಷ ಜೈಲಾಯಿತು.

ಮುಖವಾಡದ ಪೈಲ್ವಾನ ಯಾವಾಗ ಬಂದ?

ಅಮೆರಿಕದಲ್ಲಿ ಹೆಸರಾದದ್ದು 1915ರ ಕೊನೆಗೆ. ನ್ಯೂಯಾರ್ಕಿನ ಒಂದು ದೊಡ್ಡ ಟೂರ್ನಮೆಂಟಿಗೆ ಜನ ಬರುತ್ತಿರಲಿಲ್ಲ. ಪ್ರೇಕ್ಷಕರ ಮಧ್ಯೆ ಮುಖವಾಡ ಹಾಕಿದ ಒಬ್ಬ ಕೂತು, ನನಗೂ ಅವಕಾಶ ಕೊಡಿ ಅಂತ ಗಲಾಟೆ ಎಬ್ಬಿಸಿದ. ಪೇಪರಿನಲ್ಲಿ ಸುದ್ದಿಯಾಯಿತು, ಜನ ಬಂದರು. ಒಳಗಿದ್ದವನು ಮಾರ್ಟ್ ಹೆಂಡರ್ಸನ್, ಅಂಥಾ ದೊಡ್ಡ ಹೆಸರೇನೂ ಇರದ ಪೈಲ್ವಾನ.

ಹೆಂಗಸರು ಆಡ್ತಿದ್ದರಾ?

ಆಡುತ್ತಿದ್ದರು. ಮಿಲ್ಡ್ರೆಡ್ ಬರ್ಕ್ ಹೋಟೆಲಿನಲ್ಲಿ ಸಪ್ಲೈ ಮಾಡುತ್ತಿದ್ದ ಹುಡುಗಿ. ಕಲಿಸು ಅಂತ ಬಿಲ್ಲಿ ವುಲ್ಫ್ ಎಂಬ ತರಬೇತುದಾರನ ಬೆನ್ನು ಬಿದ್ದಳು. ಇವಳಿಗೆ ಬುದ್ಧಿ ಬರಲಿ ಅಂತ ಅವನು ಒಬ್ಬ ಹುಡುಗನಿಗೆ ಎತ್ತಿ ಹಾಕು ಅಂದನಂತೆ. ಇವಳೇ ಅವನನ್ನು ಎತ್ತಿ ಹಾಕಿದಳು. 1930ರ ದಶಕದಲ್ಲಿ ಕಾರ್ನಿವಲ್‌ಗಳಲ್ಲಿ ಗಂಡಸರ ಜೊತೆಯೇ ಆಡಿದಳು. ಸುಮಾರು 200 ಜನರ ಜೊತೆ ಆಡಿ ಒಬ್ಬನಿಗೆ ಮಾತ್ರ ಸೋತೆ ಅಂತ ಅವಳ ಲೆಕ್ಕ. 1937ರಲ್ಲಿ ಹೆಂಗಸರ ಚಾಂಪಿಯನ್ ಆದಳು. ನ್ಯೂಯಾರ್ಕ್ ರಾಜ್ಯ ಮಾತ್ರ ಹೆಂಗಸರ ಕುಸ್ತಿಗೆ 1972ರವರೆಗೂ ಬಾಗಿಲು ತೆರೆಯಲಿಲ್ಲ.

ಹಳೇ ಪೈಲ್ವಾನರ ಕಿವಿ ಯಾಕೆ ಮುದುಡಿರುತ್ತೆ?

ಉಜ್ಜಾಟದಲ್ಲಿ ಕಿವಿಯ ಮೆದುಮೂಳೆ ಮತ್ತು ಅದರ ಹೊದಿಕೆಯ ನಡುವೆ ರಕ್ತ ತುಂಬುತ್ತದೆ. ತೆಗೆಸದೆ ಬಿಟ್ಟರೆ ಅಲ್ಲೇ ಗಟ್ಟಿಯಾಗಿ ಹೂಕೋಸಿನ ಥರ ಆಗುತ್ತದೆ. ನಮ್ಮ ಪೈಲ್ವಾನರಲ್ಲೂ ಇದನ್ನು ಕಾಣಬಹುದು. ಅದಕ್ಕಿಂತ ಕೆಟ್ಟದ್ದು ಕಣ್ಣಿನ ಟ್ರಕೋಮಾ. ಕೊಳಕು ಚಾಪೆ, ಒಬ್ಬರಿಂದೊಬ್ಬರಿಗೆ ಅಂಟು. ಲೂಯಿಸ್‌ನಂಥವನಿಗೂ ಅದು ಬಂತು, ಮುದಿ ವಯಸ್ಸಿನಲ್ಲಿ ಕಣ್ಣು ಕಾಣದಾಯಿತು.

ಈ ಕುಸ್ತಿಗೂ ನಮ್ಮ ಗರಡಿಗೂ ಏನಾದರೂ ನಂಟಿದೆಯಾ?

ಕಸರತ್ತಿನಲ್ಲಿದೆ. ಆ ಕಾಲದಲ್ಲಿ ಇಂಗ್ಲೆಂಡು, ಅಮೆರಿಕದ ವ್ಯಾಯಾಮ ಶಾಲೆಗಳಲ್ಲಿ ಮರದ ಗದೆ ತಿರುಗಿಸುತ್ತಿದ್ದರು. ಅದನ್ನು ಇಂಡಿಯನ್ ಕ್ಲಬ್ ಅಂತಲೇ ಕರೆಯುತ್ತಿದ್ದರು, ಬ್ರಿಟಿಷ್ ಸೈನ್ಯದವರು ನಮ್ಮವರಿಂದ ನೋಡಿ ಕಲಿತದ್ದು. ಆಮೇಲಿನ ಕಾಲದ ಕಾರ್ಲ್ ಗಾಚ್ ಎಂಬ ಪೈಲ್ವಾನ ಇಂಗ್ಲೆಂಡಿನ ವಿಗನ್ ಎಂಬ ಕಲ್ಲಿದ್ದಲು ಊರಿನಲ್ಲಿ, ಬಿಲ್ಲಿ ರೈಲಿಯ 'ಸ್ನೇಕ್ ಪಿಟ್' ಗರಡಿಯಲ್ಲಿ ಕಲಿತವನು. ಹುಟ್ಟಿದ ಹೆಸರು ಬೇರೆ. ಫ್ರ್ಯಾಂಕ್ ಗಾಚ್ ಮೇಲಿನ ಗೌರವಕ್ಕೆ ಆ ಹೆಸರು ಇಟ್ಟುಕೊಂಡ. ಅವನು ಜಪಾನಿಗೆ ಹೋಗಿ ಶಿಷ್ಯರಿಗೆ ಲೆಕ್ಕವಿಲ್ಲದಷ್ಟು ಬಸ್ಕಿ, ದಂಡ ಹೊಡೆಸಿದ. ಅಲ್ಲಿನವರು ಅದಕ್ಕೆ ಈಗಲೂ 'ಹಿಂದೂ ಸ್ಕ್ವಾಟ್' ಅನ್ನುತ್ತಾರೆ.

ಇನ್ನು ಮೈಸೂರು ದಸರಾಗೆ ಮುಂಚೆ ಜೋಡಿ ಕಟ್ಟುವುದನ್ನು ನೋಡಿದವರಿಗೆ ಒಂದು ವ್ಯತ್ಯಾಸ ತಕ್ಷಣ ಹೊಳೆಯುತ್ತದೆ. ಅಲ್ಲಿ ಇಬ್ಬರನ್ನೂ ಎದುರುಬದುರು ನಿಲ್ಲಿಸಿ ಸಮ ಇದ್ದಾರಾ ಅಂತ ನೋಡುತ್ತಾರೆ. ಅಮೆರಿಕದ ಪ್ರೊಮೋಟರು ಟಿಕೆಟ್ ಎಷ್ಟು ಹೋಗುತ್ತದೆ ಅಂತ ನೋಡುತ್ತಿದ್ದ.

ಕೊನೆಗೆ ಇವರೆಲ್ಲ ಏನಾದರು?

ಫ್ರ್ಯಾಂಕ್ ಗಾಚ್ 1917ರಲ್ಲಿ, ಬರೀ 40ನೇ ವಯಸ್ಸಿಗೆ ತೀರಿಕೊಂಡ. ಗುರು ಬರ್ನ್ಸ್ 1937ರವರೆಗೆ ಇದ್ದ. ಹ್ಯಾಕನ್‌ಶ್ಮಿಟ್ ಕುಸ್ತಿ ಬಿಟ್ಟು ತತ್ವಶಾಸ್ತ್ರದ ಪುಸ್ತಕ ಬರೆಯುತ್ತ 90 ವರ್ಷ ಬದುಕಿದ. ಸ್ಟೆಕರ್ ಮನಸ್ಸಿನ ಕಾಯಿಲೆಯಿಂದ ದಶಕಗಟ್ಟಲೆ ಆಸ್ಪತ್ರೆಯಲ್ಲೇ ಕಳೆದ. ದೇಶ ಇಬ್ಭಾಗವಾದ ಮೇಲೆ ಪಾಕಿಸ್ತಾನದಲ್ಲಿ ಉಳಿದ ಗಾಮ 1960ರಲ್ಲಿ ಲಾಹೋರಿನಲ್ಲಿ ತೀರಿಕೊಂಡ.

ಟೂಟ್ಸ್ ಮಾಂಟ್ ಮಾತ್ರ ವ್ಯವಹಾರ ಬಿಡಲಿಲ್ಲ. ವಿನ್ಸೆಂಟ್ ಮೆಕ್‌ಮಹನ್ ಎನ್ನುವವನ ಜೊತೆ ಸೇರಿ 1963ರಲ್ಲಿ ಒಂದು ಕಂಪನಿ ಶುರುಮಾಡಿದ. ಅದರ ಹೆಸರು ಡಬ್ಲ್ಯೂಡಬ್ಲ್ಯೂಡಬ್ಲ್ಯೂಎಫ್. ಆಮೇಲೆ ಅದರಲ್ಲಿ ಒಂದು ಡಬ್ಲ್ಯೂ ಉದುರಿತು, ನಾವು ಕಾರ್ಡು ಆಡುವ ಹೊತ್ತಿಗೆ ಮೆಕ್‌ಮಹನ್‌ನ ಮಗ ಅದರ ಯಜಮಾನನಾಗಿದ್ದ. ನನ್ನ ಕಟ್ಟಿನಲ್ಲಿ ಮಾಂಟ್‌ನ ಕಾರ್ಡು ಇರಲಿಲ್ಲ.